ಇರಾನಿ ಚಹಾದಲ್ಲಿ ಇರಾನ್ ಎಷ್ಟು?

ಚಾರ್‌ಮಿನಾರಿನ ಪಕ್ಕ ನಿಂತು ಕುಡಿಯುವ ಇರಾನಿ ಚಹಾವನ್ನು ತೆಹರಾನಿನವರ ಮುಂದಿಟ್ಟರೆ ಅವರು ಗುರುತಿಸುವುದು ಕಷ್ಟ. ಇರಾನಿನಲ್ಲಿ ಚಹಾ ಎಂದರೆ ಹಾಲಿಲ್ಲದ ಕಡುಗೆಂಪು ಡಿಕಾಕ್ಷನ್. ಸಕ್ಕರೆ ಗಟ್ಟಿಯನ್ನು ಹಲ್ಲಿನ ನಡುವೆ ಇಟ್ಟುಕೊಂಡು ಅದನ್ನು ಹೀರುವುದು ಅಲ್ಲಿನ ರೂಢಿ. ಹೈದರಾಬಾದಿನದು ಬೇರೆಯೇ ಬಗೆ. ಒಂದು ಪಾತ್ರೆಯಲ್ಲಿ ಚಹಾಪುಡಿ, ನೀರು ಮುಚ್ಚಳ ಬಿಗಿದು ಸಣ್ಣ ಉರಿಯಲ್ಲಿ ದಮ್ ಆಗುತ್ತಿರುತ್ತದೆ. ಇನ್ನೊಂದರಲ್ಲಿ ಹಾಲು ಗಂಟೆಗಟ್ಟಲೆ ಕುದಿದು ಕೆನೆಗಟ್ಟುತ್ತದೆ. ಎರಡೂ ಸೇರುವುದು ಕಪ್ಪಿನಲ್ಲಿಯೇ. ಬಿರಿಯಾನಿಯ ಊರಿನಲ್ಲಿ ಚಹಾಕ್ಕೂ ದಮ್ ಕೊಟ್ಟದ್ದರಲ್ಲಿ ಆಶ್ಚರ್ಯವೇನಿಲ್ಲ.

ಹಾಗಾದರೆ ಇರಾನಿ ಯಾವುದು? ಅಂಗಡಿಯ ಮಾಲೀಕ. ನಾವು ಉಡುಪಿ ಹೋಟೆಲ್ ಅನ್ನುತ್ತೇವಲ್ಲ, ಹಾಗೆ. ಅಲ್ಲಿ ಗೋಬಿ ಮಂಚೂರಿ ಮಾರಿದರೂ ಅದು ಉಡುಪಿ ಹೋಟೆಲೇ.

ಹತ್ತೊಂಬತ್ತನೆಯ ಶತಮಾನದ ಕೊನೆ ಮತ್ತು ಇಪ್ಪತ್ತನೆಯದರ ಮೊದಲ ದಶಕಗಳಲ್ಲಿ ಯಜ್ದ್, ಕೆರ್ಮಾನ್ ಕಡೆಯ ಬಡವರು ಕೆಲಸ ಹುಡುಕಿಕೊಂಡು ಮುಂಬೈಗೆ ಬಂದರು. ಅಲ್ಲಿಂದ ಪುಣೆ, ಹೈದರಾಬಾದಿಗೆ ಹರಡಿದರು. ಮುಂಬೈಯ ಇರಾನಿಗಳಲ್ಲಿ ಜರತುಷ್ಟ್ರ ಧರ್ಮದವರು ಎದ್ದು ಕಂಡರೆ, ಹೈದರಾಬಾದಿನಲ್ಲಿ ಷಿಯಾ ಮುಸ್ಲಿಮರು. ಅವರಿಗೆ ಈ ಊರು ತೀರಾ ಪರಕೀಯವಾಗಿರಲಿಲ್ಲ. ಗೋಲ್ಕೊಂಡದ ಕುತುಬ್‌ಶಾಹಿ ವಂಶದ ಮೂಲಪುರುಷನೇ ಹಮದಾನ್ ಕಡೆಯವನು. ನಿಜಾಮರ ಆಡಳಿತದಲ್ಲಿ 1880ರ ದಶಕದವರೆಗೂ ಪಾರಸಿಯೇ ಕಚೇರಿಯ ಭಾಷೆ.

ಇನ್ನು ಇರಾನಿಗೂ ಚಹಾ ಬಹಳ ಹಳೆಯದಲ್ಲ. ಅಲ್ಲಿ ಮೊದಲು ಮೆರೆದದ್ದು ಕಾಫಿ. ಈಗಲೂ ಚಹಾ ಅಂಗಡಿಯನ್ನು ಅವರು ಕರೆಯುವುದು ಕಹ್ವೆಖಾನೆ, ಅಂದರೆ ಕಾಫಿಮನೆ! ಪಾನೀಯ ಬದಲಾಯಿತು, ಬೋರ್ಡು ಬದಲಾಗಲಿಲ್ಲ. ಅಲ್ಲಿ ಚಹಾ ತೋಟ ಶುರುವಾದ ಕತೆ ಇನ್ನೂ ಸ್ವಾರಸ್ಯದ್ದು. ಭಾರತದಲ್ಲಿ ಇರಾನಿನ ಕಾನ್ಸಲ್ ಆಗಿದ್ದ ಕಾಶಿಫ್ ಅಲ್ ಸಲ್ತನೆ 1900ರ ಆಸುಪಾಸಿನಲ್ಲಿ ಕಾಂಗ್ಡಾದಿಂದ ಚಹಾ ಸಸಿಗಳನ್ನು ಒಯ್ದು ಲಾಹಿಜಾನಿನಲ್ಲಿ ನೆಟ್ಟ. ಅಂದರೆ ಇರಾನಿಗಳು ಹೈದರಾಬಾದಿಗೆ ಚಹಾದಂಗಡಿ ತಂದ ಕಾಲದಲ್ಲೇ ಚಹಾ ಗಿಡ ಭಾರತದಿಂದ ಇರಾನಿಗೆ ಹೋಗುತ್ತಿತ್ತು.

ಗಿಡದ ಹೆಸರಿನಲ್ಲೂ ಇಂಥದೇ ಗೋಜಲು. ಚಹಾ ಪೂರ್ವ ಏಷ್ಯಾದ ನಿತ್ಯಹಸಿರು ಕುಲವಾದ ಕಮೇಲಿಯಾಕ್ಕೆ ಸೇರಿದ್ದು. ಮನಿಲಾದಲ್ಲಿ ಔಷಧ ಸಸ್ಯಗಳನ್ನು ಅಭ್ಯಾಸ ಮಾಡಿ 1706ರಲ್ಲಿ ತೀರಿಕೊಂಡ ಜೆಸ್ವಿಟ್ ಕಮೆಲ್‌ನ ನೆನಪಿಗೆ ಲಿನೇಯಸ್ ಆ ಹೆಸರಿಟ್ಟ. ಆದರೆ 1753ರ ಪುಸ್ತಕದಲ್ಲಿ ಆತ ಕಮೇಲಿಯಾ ಎಂದದ್ದು ಅಂದದ ಹೂವಿನ ಗಿಡವನ್ನು. ಚಹಾ ಗಿಡವನ್ನು ಥಿಯಾ ಎಂಬ ಬೇರೆ ಕುಲದಲ್ಲಿಟ್ಟಿದ್ದ. ಎರಡೂ ಒಂದೇ ಕುಲ ಎಂದು ಮುಂದೆ ತೀರ್ಮಾನವಾಗಿ, ಚಹಾಕ್ಕೆ ಆ ಜೆಸ್ವಿಟನ ಹೆಸರು ಅಂಟಿಕೊಂಡಿತು. ಥಿಯಾ, ಟೀ ಎರಡರ ಬೇರೂ ಫೂಜಿಯನ್ ಕರಾವಳಿಯ ತೆ ಎಂಬ ಉಚ್ಚಾರದಲ್ಲಿದೆ. ಚಾ ಎಂದ ಚೀನೀಯರ ಮಾತು ನೆಲದ ದಾರಿ ಹಿಡಿದು ಪಾರಸಿಯಲ್ಲಿ ಚಾಯ್ ಆಯಿತು. ಹಿಂದೆ ನಿಜಾಮರ ಸೀಮೆಯಾಗಿದ್ದ ಕಲಬುರಗಿ, ಬೀದರ, ರಾಯಚೂರುಗಳಲ್ಲಿ ಚಹಾ. ಬೆಂಗಳೂರು, ಮೈಸೂರಿನಲ್ಲಿ ಟೀ. ಕನ್ನಡದೊಳಗೆ ಎರಡು ದಾರಿಗಳೂ ಬಂದು ಸೇರಿವೆ.

ಆದರೆ ಹಾಲಿನೊಡನೆ ಗುದ್ದಾಡಿ ಗೆಲ್ಲುವ ಕಡುಚಹಾ ಪಾರಸಿಯಿಂದ ಬರಲಿಲ್ಲ. ಚಹಾ ಕಂಪನಿಗಳಿಗೆ ಬಹುಕಾಲ ಭಾರತ ಬೆಳೆಯುವ ಜಾಗವೇ ಹೊರತು ಕುಡಿಯುವ ಜಾಗವಲ್ಲ. 1930ರ ದಶಕದ ಆರ್ಥಿಕ ಕುಸಿತದಲ್ಲಿ ರಫ್ತು ನೆಲಕಚ್ಚಿದಾಗ ಅವು ಊರೂರಿನಲ್ಲಿ ಚಹಾ ಕುಡಿಸುವ ಪ್ರಚಾರವನ್ನು ಬಿರುಸುಗೊಳಿಸಿದವು. ಅದೇ ದಶಕದ ಆರಂಭದಲ್ಲಿ ಅಸ್ಸಾಮಿನಲ್ಲಿ ಎಲೆಯನ್ನು ಜಜ್ಜಿ, ಹರಿದು, ಸುರುಳಿ ಮಾಡುವ ಸಿಟಿಸಿ ಯಂತ್ರ ಬಂತು. ಕಡಿಮೆ ಪುಡಿಗೆ ಹೆಚ್ಚು ಬಣ್ಣ, ಹೆಚ್ಚು ಖಾರ. ಸ್ವಾತಂತ್ರ್ಯದ ನಂತರ ಆ ಪುಡಿ ದೇಶವನ್ನೇ ಆವರಿಸಿತು.

ಕೆಫೆಗಳು ಮಾತ್ರ ನಿಜಕ್ಕೂ ಇರಾನಿಗಳು ಕೊಟ್ಟದ್ದು. ರಸ್ತೆ ಕೂಡುವ ಮೂಲೆಯಲ್ಲಿ ಅಂಗಡಿ, ಅಮೃತಶಿಲೆಯ ಮೇಜು, ಒಂದು ಕಪ್ಪಿಗೆ ಒಂದು ಗಂಟೆ ಕೂತರೂ ಎಬ್ಬಿಸದ ಗಲ್ಲಾಪೆಟ್ಟಿಗೆಯ ಯಜಮಾನ. ಆಬಿಡ್ಸ್‌ನ ಓರಿಯಂಟ್ ಹೋಟೆಲಿನಲ್ಲಿ ಕವಿ ಮಖ್ದೂಮ್ ಮೊಹಿಯುದ್ದೀನರಂಥವರು ಕೂಡುತ್ತಿದ್ದದ್ದು ಇಂಥ ಸಲುಗೆಯಿಂದಲೇ. ಆ ಹೋಟೆಲು ಈಗಿಲ್ಲ. ಬಾಡಿಗೆ ಏರಿದ ಊರಿನಲ್ಲಿ ಗಂಟೆಗಟ್ಟಲೆ ಕೂರುವ ಗಿರಾಕಿ ನಷ್ಟದ ಬಾಬತ್ತು. ಇರಾನಿ ಮನೆತನಗಳ ಮಕ್ಕಳು ಬೇರೆ ಉದ್ಯೋಗ ಹಿಡಿದಿದ್ದಾರೆ. ಹೆಸರಾಂತ ಕೆಫೆ ನಿಲೋಫರ್ ತೆಲುಗರ ಒಡೆತನದಲ್ಲಿದೆ. ಅಲ್ಲಿಯೂ ಗಿರಾಕಿ ಕೇಳುವುದು ಇರಾನಿ ಚಾಯ್, ಜೊತೆಗೆ ಎರಡು ಉಸ್ಮಾನಿಯಾ ಬಿಸ್ಕತ್ತು.