ಚಿಗರಿ, ಬೆಳೆ, ಬಂದೂಕು: ಹಾವೇರಿ–ರಾಣೆಬೆನ್ನೂರು–ಬ್ಯಾಡಗಿ ಬಯಲಿನಲ್ಲಿ ಬೇಟೆಯ ಕಾನೂನು ನಡೆದುಬಂದ ದಾರಿ

ಪೀಠಿಕೆ

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ತಾಲ್ಲೂಕುಗಳಲ್ಲಿ ಗೋವಿನಜೋಳ, ಹತ್ತಿ, ಜೋಳ, ಮೆಣಸಿನಕಾಯಿ ಬೆಳೆಯುವ ಹೊಲಗಳ ನಡುವೆಯೇ ಕೃಷ್ಣಮೃಗಗಳು ಮೇಯುತ್ತವೆ. ಈ ಭಾಗದ ಜನ ಅವನ್ನು ಚಿಗರಿ ಎನ್ನುತ್ತಾರೆ. ರಾತ್ರಿ ಹೊಲಕ್ಕೆ ನುಗ್ಗುವ ಕಾಡುಹಂದಿಯೂ ಇಲ್ಲಿಯ ರೈತನಿಗೆ ಹೊಸದಲ್ಲ. ಬೆಳೆ ಕಾಯಲು ಮಂಚಿಗೆ ಕಟ್ಟಿ ಕೂರುವುದು, ಕವಣೆ ಬೀಸುವುದು, ಪಟಾಕಿ ಹೊಡೆಯುವುದು, ಪರವಾನಗಿ ಇದ್ದವರು ಬಂದೂಕು ಹಿಡಿಯುವುದು ತಲೆಮಾರುಗಳಿಂದ ನಡೆದುಬಂದಿದೆ.

ಈ ಬಯಲಿನಲ್ಲಿ ಯಾವ ಬಂದೂಕನ್ನು ಯಾರು ಇಟ್ಟುಕೊಳ್ಳಬಹುದು, ಅದರಿಂದ ಯಾವ ಪ್ರಾಣಿಯನ್ನು ಹೊಡೆಯಬಹುದು ಎಂಬುದನ್ನು ಕಾನೂನು ಕಾಲಕಾಲಕ್ಕೆ ಹೇಗೆ ನಿರ್ಧರಿಸಿತು ಎಂಬುದು ಈ ಲೇಖನದ ವಿಷಯ. ಅರೆಸ್ವಯಂಚಾಲಿತ ರೈಫಲ್‌ಗೆ ಬೇಟೆಯ ಆಯುಧವಾಗಿ ಇಲ್ಲಿ ಸ್ಥಾನವಿತ್ತೇ ಎಂಬ ಪ್ರಶ್ನೆಗೂ ಉತ್ತರ ಈ ಇತಿಹಾಸದಲ್ಲಿಯೇ ಇದೆ. ಬಂದೂಕಿನ ಕಾನೂನು ಆಳುವವರ ಭದ್ರತೆಯ ಚಿಂತೆಯಿಂದ ಹುಟ್ಟಿತು. ಬೇಟೆಯ ಕಾನೂನು ಮೊದಲು ಬೇಟೆಗಾರನಿಗೆ ಪ್ರಾಣಿ ಉಳಿಯಲೆಂದು, ಆಮೇಲೆ ಪ್ರಾಣಿಗಾಗಿಯೇ ರೂಪುಗೊಂಡಿತು. ಎರಡೂ ಬೇರೆ ಬೇರೆ ದಾರಿಯಲ್ಲಿ ನಡೆದು ರೈತನ ಹೊಲದಲ್ಲಿ ಕೂಡಿಕೊಂಡವು. ಆ ಕೂಡುವ ಜಾಗದಲ್ಲಿನ ಗೊಂದಲ ಇಂದಿಗೂ ತೀರಿಲ್ಲ ಎಂಬುದು ನನ್ನ ವಾದ.

1. ನಿಶ್ಶಸ್ತ್ರೀಕರಣದಿಂದ ಪರವಾನಗಿಯವರೆಗೆ

ಈ ಮೂರೂ ತಾಲ್ಲೂಕುಗಳು ಬ್ರಿಟಿಷರ ಕಾಲದಲ್ಲಿ ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆಗೆ ಸೇರಿದ್ದವು. ಹೀಗಾಗಿ ಇಲ್ಲಿಯ ಬಂದೂಕಿನ ಇತಿಹಾಸ ಮೈಸೂರು ಸಂಸ್ಥಾನದ್ದಕ್ಕಿಂತ ಬೇರೆ. 1857ರ ದಂಗೆಯ ಬೆನ್ನಲ್ಲೇ ಕಂಪನಿ ಸರ್ಕಾರ ಆಯುಧಗಳನ್ನು ನಿಯಂತ್ರಿಸುವ 28ನೇ ಕಾಯ್ದೆಯನ್ನು ಹೊರಡಿಸಿತು. ಅದೇ ವರ್ಷ ಮುಧೋಳ ಸಂಸ್ಥಾನದ ಹಲಗಲಿಯ ಬೇಡರು ಆಯುಧ ಒಪ್ಪಿಸಲು ನಿರಾಕರಿಸಿ ಬಂಡೆದ್ದರು. ಬೇಟೆ, ಕಾವಲು, ಸೈನ್ಯದ ಚಾಕರಿ ಎಲ್ಲಕ್ಕೂ ಆಯುಧವನ್ನೇ ನಂಬಿದ್ದ ಸಮುದಾಯದಿಂದ ಅದನ್ನು ಕಸಿದುಕೊಳ್ಳುವುದೆಂದರೆ ಬದುಕನ್ನೇ ಕಸಿದುಕೊಂಡಂತೆ. ಹಲಗಲಿಯ ಕತೆ ಲಾವಣಿಯಾಗಿ ಉತ್ತರ ಕರ್ನಾಟಕದಲ್ಲಿ ಉಳಿದದ್ದಕ್ಕೆ ಇದೇ ಕಾರಣ.

ಲಾರ್ಡ್ ಲಿಟ್ಟನ್ ವೈಸರಾಯ್ ಆಗಿದ್ದಾಗ ಬಂದ 1878ರ ಆಯುಧ ಕಾಯ್ದೆ ಈ ನಿಯಂತ್ರಣವನ್ನು ಶಾಶ್ವತಗೊಳಿಸಿತು. ಬಂದೂಕು ಇಟ್ಟುಕೊಳ್ಳಲು, ಹಿಡಿದು ತಿರುಗಾಡಲು ಪರವಾನಗಿ ಬೇಕಾಯಿತು. ಆದರೆ ನಿಯಮಗಳ ಮೂಲಕ ಯುರೋಪಿಯನ್ನರಿಗೆ ವಿನಾಯಿತಿ ಸಿಕ್ಕಿತು. ಶಿಕಾರಿಗೆ ಹೊರಟ ದೊರೆ ಯಾವ ಕಾಗದವೂ ಇಲ್ಲದೆ ರೈಫಲ್ ಒಯ್ಯಬಹುದಿತ್ತು. ಬೆಳೆ ಕಾಯುವ ರೈತ ಅರ್ಜಿ ಹಿಡಿದು ಕಚೇರಿಯ ಮುಂದೆ ನಿಲ್ಲಬೇಕಿತ್ತು. ಕರ್ನಾಟಕದೊಳಗೇ ಕೊಡಗಿನ ಸ್ಥಿತಿ ಇದಕ್ಕೆ ತದ್ವಿರುದ್ಧ. ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಬ್ರಿಟಿಷರು ಕೊಟ್ಟ ವಿನಾಯಿತಿ ಸ್ವಾತಂತ್ರ್ಯಾನಂತರವೂ ಮುಂದುವರಿದು, 2019ರಲ್ಲಿ ಮತ್ತೆ ಹತ್ತು ವರ್ಷಗಳಿಗೆ ನವೀಕರಣಗೊಂಡಿದೆ. ಧಾರವಾಡ ಸೀಮೆಯ ರೈತನಿಗೆ ಅಂಥ ಹಕ್ಕು ಎಂದೂ ದೊರೆಯಲಿಲ್ಲ.

20ನೇ ಶತಮಾನದ ಮೊದಲ ದಶಕದಲ್ಲಿ ಸರ್ಕಾರ ಭಾರತಕ್ಕೆ .450 ಬೋರಿನ ರೈಫಲ್‌ಗಳ ಆಮದನ್ನು ನಿಷೇಧಿಸಿತು. ಸೈನ್ಯದ ಹಳೆಯ ಮಾರ್ಟಿನಿ-ಹೆನ್ರಿ ಬಂದೂಕುಗಳಿಗೆ ಬೇಕಾದ ಗುಂಡು ಬಂಡುಕೋರರ ಕೈಗೆ ಸಿಗಬಾರದೆಂಬುದು ಅದರ ಉದ್ದೇಶ. ಇಂಗ್ಲೆಂಡಿನ ಬಂದೂಕು ತಯಾರಕರು ಆಗ .470, .465ರಂಥ ಹೊಸ ಅಳತೆಯ ಬೇಟೆ ರೈಫಲ್‌ಗಳನ್ನು ಮಾಡಿದರು. ಬೇಟೆಯ ಆಯುಧವನ್ನು ಸೈನ್ಯದ ಗುಂಡಿನ ಅಳತೆಯಿಂದ ತೂಗುವ ಈ ರೂಢಿ ಮುಂದೆ ಸ್ವತಂತ್ರ ಭಾರತದ ನಿಯಮಗಳಲ್ಲೂ ಉಳಿಯಿತು.

2. ಬೇಟೆಗಾರನಿಗಾಗಿ ಪ್ರಾಣಿ: 1887ರಿಂದ 1963

ಧಾರವಾಡದಲ್ಲಿ ಅಧಿಕಾರಿಯಾಗಿದ್ದ ವಾಲ್ಟರ್ ಎಲಿಯಟ್ 1839ರಲ್ಲಿ ದಕ್ಷಿಣ ಮರಾಠಾ ಸೀಮೆಯ ಸಸ್ತನಿಗಳ ಪಟ್ಟಿಯೊಂದನ್ನು ಪ್ರಕಟಿಸಿದ. ಪ್ರಾಣಿಗಳ ಕನ್ನಡ ಹೆಸರುಗಳನ್ನೂ ಕೊಟ್ಟಿರುವ ಆ ಪಟ್ಟಿ ಈ ಬಯಲಿನ ವನ್ಯಜೀವಿಗಳ ಬಗ್ಗೆ ನಮಗಿರುವ ಮೊದಲ ವ್ಯವಸ್ಥಿತ ದಾಖಲೆಗಳಲ್ಲೊಂದು. ಬೇಟೆಯಾಡುವವರೇ ಪ್ರಾಣಿಗಳ ಲೆಕ್ಕ ಬರೆದಿಡುತ್ತಿದ್ದ ಕಾಲವದು. ಕಾನೂನೂ ಅದೇ ಮನೋಭಾವದಿಂದ ಹುಟ್ಟಿತು. 1887ರ ಕಾಯ್ದೆ ಪುರಸಭೆ ಮತ್ತು ಕಂಟೋನ್ಮೆಂಟ್ ಪ್ರದೇಶಗಳಲ್ಲಿ, ಸಂತಾನದ ಕಾಲದಲ್ಲಿ ಕಾಡುಹಕ್ಕಿ ಹಾಗೂ ಬೇಟೆಯ ಪ್ರಾಣಿಗಳ ಮಾರಾಟವನ್ನು ತಡೆಯಲು ಅವಕಾಶ ಕೊಟ್ಟಿತು. 1912ರ ಕಾಡುಹಕ್ಕಿ ಮತ್ತು ಕಾಡುಪ್ರಾಣಿ ರಕ್ಷಣಾ ಕಾಯ್ದೆ ಪಟ್ಟಿ ಮಾಡಿದ ಜೀವಿಗಳಿಗೆ ‘ನಿಷಿದ್ಧ ಕಾಲ’ ಗೊತ್ತುಪಡಿಸುವ ಅಧಿಕಾರವನ್ನು ಪ್ರಾಂತ ಸರ್ಕಾರಕ್ಕೆ ವಹಿಸಿತು. ಚಿಗರಿಯ ಜಾತಿಯ ಪ್ರಾಣಿಗಳೂ ಎರೆಭೂತವೆಂದು ಇಲ್ಲಿ ಕರೆಯುವ ಹೆಬ್ಬಕವೂ ಆ ಪಟ್ಟಿಯ ವ್ಯಾಪ್ತಿಗೆ ಬಂದವು. ಆದರೆ ಆತ್ಮರಕ್ಷಣೆಗಾಗಿ, ಆಸ್ತಿಯ ಪ್ರಾಮಾಣಿಕ ರಕ್ಷಣೆಗಾಗಿ ಕೊಂದರೆ ಕಾಯ್ದೆ ಅನ್ವಯಿಸುತ್ತಿರಲಿಲ್ಲ. ಹೊಲಕ್ಕೆ ಬಂದ ಚಿಗರಿಯನ್ನು ಹೊಡೆದ ರೈತನಿಗೆ ಈ ಮಾತು ದೊಡ್ಡ ಆಸರೆಯಾಗಿತ್ತು.

1951ರಲ್ಲಿ ಮುಂಬಯಿ ರಾಜ್ಯ ತನ್ನದೇ ವನ್ಯಪ್ರಾಣಿ ಮತ್ತು ವನ್ಯಪಕ್ಷಿ ರಕ್ಷಣಾ ಕಾಯ್ದೆಯನ್ನು ತಂದಿತು. ಅದರ ರಚನೆಯಲ್ಲಿ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯ ಹುಮಾಯೂನ್ ಅಬ್ದುಲಾಲಿ ಅವರ ಪಾತ್ರ ಮುಖ್ಯವಾದದ್ದು. 1956ರ ನವೆಂಬರ್ 1ರಂದು ಧಾರವಾಡ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿದಾಗ ಹಳೆಯ ಪ್ರಾಂತದ ಕಾನೂನುಗಳು ತಕ್ಷಣ ರದ್ದಾಗಲಿಲ್ಲ. ಬದಲಿ ಕಾನೂನು ಬರುವವರೆಗೆ ಮುಂದುವರಿದವು. 1963ರ ಮೈಸೂರು ವನ್ಯಪ್ರಾಣಿ ಮತ್ತು ವನ್ಯಪಕ್ಷಿ ರಕ್ಷಣಾ ಕಾಯ್ದೆ ಬೇರೆ ಬೇರೆ ಸೀಮೆಗಳಿಂದ ಕೂಡಿದ ಹೊಸ ರಾಜ್ಯಕ್ಕೆ ಒಂದೇ ಕಾನೂನನ್ನು ಕೊಟ್ಟಿತು.

3. 1959ರ ಆಯುಧ ಕಾಯ್ದೆ: ಬೇಟೆ ರೈಫಲ್‌ನ ಮಿತಿ

ವಸಾಹತು ಕಾಲದ ಕಾಯ್ದೆಯ ಜಾಗಕ್ಕೆ ಬಂದ 1959ರ ಆಯುಧ ಕಾಯ್ದೆ, ಅದರ ನಿಯಮಗಳೊಡನೆ 1962ರ ಅಕ್ಟೋಬರ್ 1ರಂದು ಜಾರಿಗೆ ಬಂದಿತು. ನಮ್ಮ ಪ್ರಶ್ನೆಗೆ ಇಲ್ಲಿಯ ಎರಡು ಅಂಶಗಳು ನಿರ್ಣಾಯಕ.

ಮೊದಲನೆಯದು ಆಯುಧಗಳ ವರ್ಗೀಕರಣ. ಟ್ರಿಗರ್ ಒತ್ತಿ ಹಿಡಿದಷ್ಟು ಹೊತ್ತೂ ಗುಂಡು ಹಾರುತ್ತಲೇ ಇರುವ ಸ್ವಯಂಚಾಲಿತ ಬಂದೂಕನ್ನು ಕಾಯ್ದೆ ನಿಷೇಧಿತ ಆಯುಧವೆಂದಿತು. ಒಂದು ಒತ್ತಿಗೆ ಒಂದೇ ಗುಂಡು ಹಾರಿ, ಮುಂದಿನ ತೋಟಾ ತಾನಾಗಿಯೇ ನಳಿಗೆಗೆ ಏರುವ ಅರೆಸ್ವಯಂಚಾಲಿತ ಬಂದೂಕು ಈ ವ್ಯಾಖ್ಯೆಗೆ ಸಿಗುವುದಿಲ್ಲ. ಆದರೂ ನಿಯಮಗಳ ಮೊದಲ ಅನುಸೂಚಿ ಅದನ್ನು 1(ಬಿ) ವರ್ಗದಲ್ಲಿ, ನಿಷೇಧಿತ ಆಯುಧದ ಪಕ್ಕದಲ್ಲೇ ಇಟ್ಟಿತು. ಸೈನ್ಯದ .303 ಅಥವಾ 7.62 ಮಿ.ಮೀ. ಗುಂಡು ಹಾರಿಸಬಲ್ಲ ರೈಫಲ್‌ಗಳು, ಕೈಯಿಂದ ಬೋಲ್ಟ್ ಎಳೆಯುವವೂ ಸೇರಿ, 1(ಸಿ) ವರ್ಗಕ್ಕೆ ಹೋದವು. ಮಾಮೂಲಿ ಬೇಟೆ ರೈಫಲ್, ಜೋಡುನಳಿಗೆ ಬಂದೂಕುಗಳು ಮೂರನೆಯ ವರ್ಗದಲ್ಲಿ ಉಳಿದವು. ಜಿಲ್ಲಾಧಿಕಾರಿ ಸಾಮಾನ್ಯವಾಗಿ ಪರವಾನಗಿ ಕೊಡುವುದು ಈ ಮೂರನೆಯ ವರ್ಗದ ಆಯುಧಕ್ಕೆ. ಹೀಗಾಗಿ ಧಾರವಾಡ ಜಿಲ್ಲಾಧಿಕಾರಿಯ ಕಚೇರಿಗೆ, 1997ರ ಆಗಸ್ಟ್‌ನಲ್ಲಿ ಹೊಸ ಜಿಲ್ಲೆಯಾದ ಮೇಲೆ ಹಾವೇರಿಯ ಕಚೇರಿಗೆ, ಬೇಟೆಗೆಂದು ಅರೆಸ್ವಯಂಚಾಲಿತ ರೈಫಲ್ ಕೇಳಿ ಬರುವ ಸಾಮಾನ್ಯ ಅರ್ಜಿಗೆ ಕಾನೂನಿನಲ್ಲಿ ದಾರಿ ಇರಲಿಲ್ಲ. 2016ರ ಹೊಸ ಆಯುಧ ನಿಯಮಗಳೂ ಈ ವರ್ಗವನ್ನು ನಿರ್ಬಂಧಿತವಾಗಿಯೇ ಉಳಿಸಿಕೊಂಡವು.

ಎರಡನೆಯದು ಕಾಯ್ದೆಯ 13ನೇ ಕಲಂ. ಬೆಳೆ ರಕ್ಷಣೆಯ ಪ್ರಾಮಾಣಿಕ ಅಗತ್ಯವಿರುವ ನಾಗರಿಕನಿಗೆ ಬಾಯಿಯಿಂದ ಮದ್ದು ತುಂಬುವ ಬಂದೂಕಿನ ಪರವಾನಗಿ ಕೊಡಬೇಕೆಂದು ಅದು ಹೇಳುತ್ತದೆ. ಅದು ಸಾಲದೆಂದು ಅಧಿಕಾರಿಗೆ ಮನವರಿಕೆಯಾದರೆ, ನಳಿಗೆ 20 ಅಂಗುಲಕ್ಕೆ ಕಡಿಮೆಯಿಲ್ಲದ, ಒಳಗೆ ಗೀರುಗಳಿಲ್ಲದ ಬೇರೆ ಬಂದೂಕಿಗೂ ಪರವಾನಗಿ ಕೊಡಬಹುದು. ರೈತನ ಕೈಯಲ್ಲಿ ಕಾನೂನು ಕಲ್ಪಿಸಿಕೊಂಡ ಆಯುಧ ಇದು: ಒಮ್ಮೆ ಹಾರಿಸಿದರೆ ಮತ್ತೆ ಮದ್ದು, ಚರೆ ತುಂಬಿ ಗಜದಿಂದ ಜಡಿಯಬೇಕಾದ, ಹೆಚ್ಚು ದೂರಕ್ಕೆ ಗುರಿ ಸಾಲದ ಬಂದೂಕು. ಸದ್ದಿನಿಂದ ಹಿಂಡನ್ನು ಓಡಿಸಲು ಅಷ್ಟು ಸಾಕು. ಬೆಳೆ ಕಾಯುವುದು ಮತ್ತು ಬೇಟೆಯಾಡುವುದು ಬೇರೆ ಬೇರೆ ಕೆಲಸಗಳೆಂಬ ತಿಳಿವಳಿಕೆ ಈ ಕಲಮಿನಲ್ಲಿದೆ. ಒಬ್ಬರ ಬಳಿ ಎಷ್ಟು ಬಂದೂಕು ಇರಬಹುದೆಂಬ ಮಿತಿಯನ್ನೂ ಕಾಯ್ದೆ ಕ್ರಮೇಣ ಬಿಗಿ ಮಾಡಿತು. 1983ರ ತಿದ್ದುಪಡಿ ಮೂರಕ್ಕೆ, 2019ರ ತಿದ್ದುಪಡಿ ಎರಡಕ್ಕೆ ಇಳಿಸಿತು.

4. 1972, 1974, 1991: ಬೇಟೆಯ ಬಾಗಿಲು ಮುಚ್ಚಿದ್ದು

1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಮೊದಲಿಗೆ ಬೇಟೆಯನ್ನು ಪೂರ್ತಿ ನಿಲ್ಲಿಸಲಿಲ್ಲ. ಮೊದಲ ಅನುಸೂಚಿಯ ಪ್ರಾಣಿಗಳನ್ನು ಕೊಲ್ಲುವಂತಿರಲಿಲ್ಲ. ಉಳಿದವುಗಳಿಗೆ ವಿಶೇಷ ಬೇಟೆ, ದೊಡ್ಡ ಬೇಟೆ, ಸಣ್ಣ ಬೇಟೆ ಎಂಬ ಪರವಾನಗಿಗಳಿದ್ದವು. ಮೂಲ ಕಾಯ್ದೆಯ 17ನೇ ಕಲಂ ಬೇಟೆಯ ವಿಧಾನಗಳ ಮೇಲೆ ಕಟ್ಟುಪಾಡು ಹಾಕಿತ್ತು. ವಾಹನದಿಂದ ಹೊಡೆಯುವುದು, ರಾತ್ರಿ ಬೇಟೆ, ಕೃತಕ ಬೆಳಕು, ವಿಷ, ಸ್ಫೋಟಕ, ನೀರು ಕುಡಿಯುವ ಜಾಗದಲ್ಲಿ ಹೊಂಚುವುದು, ಇವೆಲ್ಲ ನಿಷಿದ್ಧ. ದೊಡ್ಡ ಬೇಟೆಯನ್ನು ಸಾಮಾನ್ಯವಾಗಿ ರೈಫಲ್‌ನಿಂದಲೇ ಹೊಡೆಯಬೇಕಿತ್ತು. ಗಾಯಗೊಂಡ ಪ್ರಾಣಿ ನರಳಬಾರದು, ಬೇಟೆಯಲ್ಲಿ ಪ್ರಾಣಿಗೂ ತಪ್ಪಿಸಿಕೊಳ್ಳುವ ಅವಕಾಶ ಇರಬೇಕು ಎಂಬ ಹಳೆಯ ಶಿಕಾರಿಯ ನೀತಿ ಇಲ್ಲಿ ಕಾನೂನಾಗಿ ಬಂದಿತು.

ಚಿಗರಿ ಮೊದಲ ಅನುಸೂಚಿಗೆ ಸೇರಿತು. 1974ರಲ್ಲಿ ರಾಣೆಬೆನ್ನೂರಿನ ಬಳಿ 119 ಚದರ ಕಿಲೋಮೀಟರ್ ಪ್ರದೇಶ ಕೃಷ್ಣಮೃಗ ಅಭಯಾರಣ್ಯವಾಯಿತು. ಕುರುಚಲು ಕಾಡು, ಹುಲ್ಲುಬಯಲು, ನೀಲಗಿರಿ ನೆಡುತೋಪುಗಳ ಈ ಪ್ರದೇಶ ಚಿಗರಿಯ ಜತೆಗೆ ತೋಳ, ನರಿ, ಕಾಡುಹಂದಿಗಳಿಗೂ ನೆಲೆ. ಒಂದು ಕಾಲಕ್ಕೆ ಎರೆಭೂತವೂ ಇಲ್ಲಿತ್ತು.

ಅಭಯಾರಣ್ಯದ ಘೋಷಣೆ ಕಾಡಿನ ಗಡಿಯಲ್ಲೇ ನಿಲ್ಲಲಿಲ್ಲ, ಸುತ್ತಲಿನ ಬಂದೂಕುಗಳನ್ನೂ ತಲುಪಿತು. 31ನೇ ಕಲಮಿನ ಪ್ರಕಾರ ಲಿಖಿತ ಅನುಮತಿಯಿಲ್ಲದೆ ಆಯುಧ ಹಿಡಿದು ಅಭಯಾರಣ್ಯದೊಳಗೆ ಕಾಲಿಡುವಂತಿಲ್ಲ. 34ನೇ ಕಲಂ ಅದರ ಸುತ್ತ 10 ಕಿಲೋಮೀಟರ್ ಒಳಗೆ ವಾಸಿಸುವ ಪರವಾನಗಿದಾರರು ತಮ್ಮ ಹೆಸರನ್ನು ವನ್ಯಜೀವಿ ಅಧಿಕಾರಿಗಳಲ್ಲಿ ನೋಂದಾಯಿಸಬೇಕೆಂದಿತು. ಈ ವ್ಯಾಪ್ತಿಯಲ್ಲಿ ಮುಖ್ಯ ವನ್ಯಜೀವಿ ಪರಿಪಾಲಕರ ಪೂರ್ವ ಸಮ್ಮತಿಯಿಲ್ಲದೆ ಹೊಸ ಪರವಾನಗಿ ಕೊಡಬಾರದೆಂಬ ನಿಯಮ 1991ರ ತಿದ್ದುಪಡಿಯಿಂದ ಬಂದಿತು. ಶತಮಾನ ಕಾಲ ಬೇರೆ ಬೇರೆ ನಡೆದ ಎರಡು ಕಾನೂನುಗಳು ರಾಣೆಬೆನ್ನೂರಿನ ಸುತ್ತಲ ಹಳ್ಳಿಗಳಲ್ಲಿ ಒಂದೇ ಅರ್ಜಿಯ ಮೇಲೆ ಕೂಡಿದ್ದು ಹೀಗೆ.

ಅದೇ 1991ರ ತಿದ್ದುಪಡಿ ಬೇಟೆಯ ಪರವಾನಗಿ ಪದ್ಧತಿಯನ್ನೇ ಕಿತ್ತುಹಾಕಿತು. 17ನೇ ಕಲಮಿನ ಕಟ್ಟುಪಾಡುಗಳೂ ಹೋದವು. ಆಟಕ್ಕಾಗಿ ಬೇಟೆಯೇ ಇಲ್ಲವಾದ ಮೇಲೆ ಅದರ ವಿಧಾನಕ್ಕೆ ನಿಯಮದ ಅಗತ್ಯ ಉಳಿಯಲಿಲ್ಲ. ಅಂದಿನಿಂದ ಈ ಬಯಲಿನಲ್ಲಿ ಆಟಕ್ಕಾಗಿ ಯಾವ ರೈಫಲ್‌ನಿಂದ ಬೇಟೆಯಾಡಬಹುದು ಎಂಬ ಪ್ರಶ್ನೆಗೆ ಕಾನೂನಿನ ಉತ್ತರ ಒಂದೇ: ಯಾವುದರಿಂದಲೂ ಇಲ್ಲ.

5. ಹೊಲದ ಬದುವಿನಲ್ಲಿ ಉಳಿದ ಗೊಂದಲ

1912ರ ಕಾಯ್ದೆ ಆಸ್ತಿರಕ್ಷಣೆಗೆ ಕೊಟ್ಟಿದ್ದ ವಿನಾಯಿತಿ ಇಂದು ಹಾಗೆಯೇ ಉಳಿದಿಲ್ಲ. ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಈಗಿನ 11ನೇ ಕಲಮಿನಂತೆ ಮೊದಲ ಅನುಸೂಚಿಯ ಪ್ರಾಣಿಯನ್ನು ಕೊಲ್ಲಲು ಮುಖ್ಯ ವನ್ಯಜೀವಿ ಪರಿಪಾಲಕರು ಮಾತ್ರ ಅನುಮತಿ ಕೊಡಬಹುದು. ಅದು ಮನುಷ್ಯನ ಜೀವಕ್ಕೆ ಅಪಾಯಕಾರಿಯಾಗಿರಬೇಕು ಅಥವಾ ಚೇತರಿಸಿಕೊಳ್ಳಲಾಗದಷ್ಟು ರೋಗಗ್ರಸ್ತವೋ ಅಂಗಹೀನವೋ ಆಗಿರಬೇಕು. ಬೆಳೆ ತಿಂದಿತೆಂಬುದು ಅದಕ್ಕೆ ಕಾರಣವಾಗದು. ಕಾಡುಹಂದಿಯ ವಿಷಯ ಬೇರೆ. 2022ರ ತಿದ್ದುಪಡಿ ಅನುಸೂಚಿಗಳನ್ನು ಆರರಿಂದ ನಾಲ್ಕಕ್ಕೆ ಇಳಿಸಿದಾಗ ಅದು ಎರಡನೆಯ ಅನುಸೂಚಿಗೆ ಬಂದಿತು. ಆ ಅನುಸೂಚಿಯ ಪ್ರಾಣಿ ಬೆಳೆಗೆ ಹಾನಿ ಮಾಡಿದರೆ ಅಧಿಕಾರಿಯ ಲಿಖಿತ ಆದೇಶದಿಂದ ಕೊಲ್ಲಬಹುದು.

ಇದರಿಂದ ರೈತನ ಸ್ಥಿತಿ ವಿಚಿತ್ರವಾಗಿದೆ. ಅವನ ಪರವಾನಗಿಯಲ್ಲಿ ‘ಬೆಳೆ ರಕ್ಷಣೆಗಾಗಿ’ ಎಂದು ಬರೆದಿದೆ. ಗೋವಿನಜೋಳ ಮೇಯುವ ಚಿಗರಿಯ ಮೇಲೆ ಅದೇ ಬಂದೂಕು ಹಾರಿಸಿ ಪ್ರಾಣಿ ಸತ್ತರೆ ಮೂರರಿಂದ ಏಳು ವರ್ಷ ಸೆರೆ, ಕನಿಷ್ಠ 25,000 ರೂಪಾಯಿ ದಂಡ; ಬಂದೂಕು ಸರ್ಕಾರದ ಸ್ವತ್ತಾಗುತ್ತದೆ. ಆಯುಧ ಕಾಯ್ದೆ ಕೊಟ್ಟ ಕಾಗದ ವನ್ಯಜೀವಿ ಕಾಯ್ದೆಯ ಮುಂದೆ ರಕ್ಷಣೆಯಾಗುವುದಿಲ್ಲ. ಚುನಾವಣೆಯ ಹೊತ್ತಿಗೆ ಬಂದೂಕನ್ನು ಪೊಲೀಸ್ ಠಾಣೆಗೆ ಒಪ್ಪಿಸಬೇಕಾಗಿ ಬರುವುದರಿಂದ, ಬೆಳೆ ನಿಂತಿರುವಾಗಲೇ ಅದು ಕೈಯಲ್ಲಿ ಇಲ್ಲದಿರುವುದೂ ಉಂಟು. ಬೇಸತ್ತ ಕೆಲವರು ಉರುಲಿಗೆ, ಬೇಲಿಗೆ ಕರೆಂಟು ಹಾಯಿಸುವುದಕ್ಕೆ ಇಳಿಯುತ್ತಾರೆ. ಅದು ಪ್ರಾಣಿಯನ್ನೂ ಕೊಲ್ಲುತ್ತದೆ, ದನಕರುವನ್ನೂ ಮನುಷ್ಯನನ್ನೂ ಕೊಲ್ಲುತ್ತದೆ.

ಉಪಸಂಹಾರ

ಈ ಇತಿಹಾಸದಿಂದ ಮೂರು ತೀರ್ಮಾನಗಳಿಗೆ ಬರಬಹುದು. ಅರೆಸ್ವಯಂಚಾಲಿತ ರೈಫಲ್‌ನ ಮೇಲಿನ ನಿರ್ಬಂಧ ವನ್ಯಜೀವಿಯ ಕಾಳಜಿಯಿಂದ ಬಂದದ್ದಲ್ಲ, ರಾಜ್ಯದ ಭದ್ರತೆಯ ಚಿಂತೆಯಿಂದ ಬಂದದ್ದು. ಚಿಗರಿಯನ್ನು ಉಳಿಸಿದ್ದು ಬಂದೂಕಿನ ವರ್ಗೀಕರಣಕ್ಕಿಂತ ಹೆಚ್ಚಾಗಿ 1972ರ ಅನುಸೂಚಿ, 1974ರ ಅಭಯಾರಣ್ಯ ಮತ್ತು 1991ರ ನಿಷೇಧ. ಬೆಳೆ ಕಾಯುವ ಬಂದೂಕಿಗೆ ಹಳೆಯ ಕಾನೂನು ಕೊಟ್ಟ ಅರ್ಥವನ್ನು ಹೊಸ ಕಾನೂನು ಬದಲಿಸಿತು. ಆ ಬದಲಾವಣೆಯನ್ನು ರೈತನಿಗೆ ವಿವರಿಸುವ ಹೊಣೆಯನ್ನು ಮಾತ್ರ ಯಾರೂ ಪೂರ್ತಿಯಾಗಿ ಹೊರಲಿಲ್ಲ.

ಬೆಳೆ ರಕ್ಷಣೆಯ ಪ್ರತಿ ಪರವಾನಗಿಯ ಜೊತೆ, ಯಾವ ಪ್ರಾಣಿಯ ಮೇಲೆ ಗುಂಡು ಹಾರಿಸುವಂತಿಲ್ಲ, ಯಾವುದಕ್ಕೆ ಯಾರ ಆದೇಶ ಬೇಕು, ಬೆಳೆ ಹಾನಿಯ ಪರಿಹಾರಕ್ಕೆ ಎಲ್ಲಿ ಅರ್ಜಿ ಹಾಕಬೇಕು ಎಂಬುದನ್ನು ಸರಳ ಕನ್ನಡದಲ್ಲಿ ಅಚ್ಚು ಮಾಡಿ ಕೊಡಬೇಕು. ಚಿಗರಿಯನ್ನು ಕೊಲ್ಲಬೇಡವೆನ್ನುವ ಸರ್ಕಾರ, ಅದು ತಿಂದ ಬೆಳೆಯ ಪರಿಹಾರವನ್ನು ಮುಂದಿನ ಬಿತ್ತನೆಗೆ ಮೊದಲೇ ರೈತನ ಕೈಗೆ ಸೇರಿಸಬೇಕು. ಕಂದಾಯ, ಪೊಲೀಸ್, ಅರಣ್ಯ ಇಲಾಖೆಗಳು ಒಟ್ಟಿಗೆ ಕೂತು ಈ ಕೆಲಸವನ್ನು ಹಾವೇರಿ ಜಿಲ್ಲೆಯಿಂದಲೇ ಆರಂಭಿಸಲಿ.