ಅಂಕಿತವೂ ಕರ್ತೃತ್ವವೂ: ಮಾನ್ವಿ-ದೇವದುರ್ಗದ ದಾಸರು

ಮಾನ್ವಿಯ ಜಗನ್ನಾಥದಾಸರು (1728–1809) ಭಾಮಿನಿ ಷಟ್ಪದಿಯಲ್ಲಿ ರಚಿಸಿದ ‘ಹರಿಕಥಾಮೃತಸಾರ’ದಲ್ಲಿ ಅವರ ಸಂಧಿಗಳು 32. ಕೊನೆಯ ಫಲಸ್ತುತಿ ಸಂಧಿಯನ್ನು ಸೇರಿಸಿದರೆ 33. ಆ ಫಲಸ್ತುತಿ ಗುರುವಿನದಲ್ಲ, ಶಿಷ್ಯರಾದ ಕರ್ಜಗಿ ದಾಸಪ್ಪನವರದು. ಅಲ್ಲಿರುವ ಅಂಕಿತ ‘ಶ್ರೀದವಿಠಲ’. ಛಂದಸ್ಸು ಅದೇ, ಪಾರಾಯಣದ ಕ್ರಮವೂ ಅದೇ. ಅಲ್ಲಿ ‘ಜಗನ್ನಾಥವಿಠಲ’ ಎಂದು ನಿಲ್ಲಿಸಿದ್ದರೆ ಅನುಮಾನಪಡುವವರು ವಿರಳವಾಗಿರುತ್ತಿದ್ದರು. ಶಿಷ್ಯರು ಹಾಗೆ ಮಾಡಲಿಲ್ಲ.

ಈ ಸಣ್ಣ ಸಂಗತಿಯ ತೂಕ ತಿಳಿಯಬೇಕಾದರೆ ಆದಿ ಕ್ರೈಸ್ತರ ಪತ್ರಸಾಹಿತ್ಯವನ್ನು ನೋಡಬೇಕು. ಹೊಸ ಒಡಂಬಡಿಕೆಯಲ್ಲಿ ಪೌಲನ ಹೆಸರು ಹೊತ್ತ ಪತ್ರಗಳು 13. ಅವುಗಳಲ್ಲಿ ಏಳನ್ನು ಮಾತ್ರ ವಿದ್ವಾಂಸರು ನಿರ್ವಿವಾದವಾಗಿ ಅವನವೆಂದು ಒಪ್ಪುತ್ತಾರೆ. ತಿಮೊಥೆಯನಿಗೆ ಬರೆದ ಮೊದಲ ಪತ್ರ ಪೌಲನದಲ್ಲವೆಂದು ಶ್ಲೈಯರ್‌ಮಾಖರ್ 1807ರಲ್ಲೇ ವಾದಿಸಿದ್ದರು. ಗುರುವಿನ ಮೇಲಣ ಭಕ್ತಿಯಿಂದ ಶಿಷ್ಯರು ಅವನ ಹೆಸರಿನಲ್ಲಿ ಬರೆದರು, ಆ ಕಾಲಕ್ಕೆ ಅದು ದೋಷವಲ್ಲ ಎಂಬ ಸಮಾಧಾನ ಬಹುಕಾಲ ನಡೆಯಿತು. ಅದು ಸುಲಭಕ್ಕೆ ಒಪ್ಪುವಂಥದಲ್ಲ. ಪೌಲನ ಹೆಸರಿನಲ್ಲಿ ಕಥನವೊಂದನ್ನು ಕಟ್ಟಿದ ಏಷ್ಯಾ ಪ್ರಾಂತದ ಹಿರಿಯನೊಬ್ಬ, ಪೌಲನ ಪ್ರೀತಿಯಿಂದಲೇ ಹಾಗೆ ಮಾಡಿದೆನೆಂದು ಒಪ್ಪಿಕೊಂಡರೂ ಪದವಿಯನ್ನು ಕಳೆದುಕೊಂಡನೆಂದು ತೆರ್ತುಲ್ಲಿಯನ್ ದಾಖಲಿಸಿದ್ದಾನೆ. ಥೆಸಲೊನೀಕದವರಿಗೆ ಬರೆದ ಎರಡನೆಯ ಪತ್ರ ಇನ್ನೂ ವಿಚಿತ್ರ. ತಮ್ಮ ಹೆಸರಿನ ಸುಳ್ಳು ಪತ್ರಗಳನ್ನು ನಂಬಬೇಡಿರೆಂದು ಅದು ಎಚ್ಚರಿಸುತ್ತದೆ, ಸ್ವಹಸ್ತದ ವಂದನೆಯೇ ಗುರುತೆನ್ನುತ್ತದೆ. ಅನೇಕರ ಅನುಮಾನಕ್ಕೆ ಗುರಿಯಾದ ಪತ್ರಗಳಲ್ಲಿ ಅದೂ ಒಂದು.

ದಾಸಸಾಹಿತ್ಯದಲ್ಲಿ ಆ ಗುರುತಿನ ಕೆಲಸ ಅಂಕಿತದ್ದು. ಅದು ಕವಿಯ ಹೆಸರಲ್ಲ, ದೈವದ ಹೆಸರು. ಆದರೂ ಕವಿಯನ್ನು ಹೇಳುತ್ತದೆ. ಅದನ್ನು ತಾನೇ ಇಟ್ಟುಕೊಳ್ಳುವಂತಿಲ್ಲ, ಗುರು ಕೊಡಬೇಕು. ಮಾನ್ವಿ ತಾಲ್ಲೂಕಿನ ಚೀಕಲಪರ್ವಿಯ ವಿಜಯದಾಸರಿಗೆ ಪುರಂದರದಾಸರು ಕನಸಿನಲ್ಲಿ ಅಂಕಿತವಿತ್ತರೆಂದು ಸಂಪ್ರದಾಯ ಹೇಳುತ್ತದೆ. ಪುರಂದರರು ತೀರಿಕೊಂಡದ್ದು 1564ರಲ್ಲಿ, ವಿಜಯದಾಸರು ಹುಟ್ಟಿದ್ದು 1682ರಲ್ಲಿ. ಕನಸಿನ ಮಾತನ್ನು ನಂಬುವುದು ಬಿಡುವುದು ಬೇರೆ ವಿಷಯ. ಕನಸಿನಲ್ಲಿಯೂ ದೊರೆತದ್ದು ‘ಪುರಂದರವಿಠಲ’ವಲ್ಲ, ‘ವಿಜಯವಿಠಲ’.

ಹಾಗೆಂದು ಅಂಕಿತವೊಂದೇ ಸಾಕ್ಷಿಯಾಗಿ ನಿಲ್ಲದು. ವಿಜಯದಾಸರ ಶಿಷ್ಯರಾದ ಗೋಪಾಲದಾಸರು ದೇವದುರ್ಗ ತಾಲ್ಲೂಕಿನ ಮೊಸರಕಲ್ಲಿನವರು. ಅವರ ಅಂಕಿತ ‘ಗೋಪಾಲವಿಠಲ’. ತಮ್ಮಂದಿರ ಅಂಕಿತಗಳು ‘ವರದಗೋಪಾಲವಿಠಲ’, ‘ಗುರುಗೋಪಾಲವಿಠಲ’, ‘ತಂದೆಗೋಪಾಲವಿಠಲ’. ಲಿಪಿಕಾರನ ಕೈಯಲ್ಲಿ ಪೂರ್ವಪದ ಬಿದ್ದುಹೋದರೆ ತಮ್ಮನ ಪದ ಅಣ್ಣನದಾಗುತ್ತದೆ. ಇಲ್ಲಿ ಛಂದಸ್ಸು ಸ್ವಲ್ಪ ನೆರವಾದೀತು. ‘ಗುರು’ ಎರಡು ಮಾತ್ರೆ. ‘ವರದ’, ‘ತಂದೆ’ ಎರಡಕ್ಕೂ ಮೂರು ಮೂರು. ಲೋಪವಾದಲ್ಲಿ ಗಣ ಮುರಿಯುತ್ತದೆ, ಆದರೆ ‘ವರದ’ವೋ ‘ತಂದೆ’ಯೋ ಎಂಬುದನ್ನು ಮಾತ್ರೆ ಹೇಳದು. ಅಂಕಿತವು ಸಾಲಿನ ಮೊದಲಿಗೇ ಬಂದಿದ್ದರೆ ಆದಿಪ್ರಾಸ ಹೇಳುತ್ತದೆ: ಒಂದರಲ್ಲಿ ಎರಡನೆಯ ಅಕ್ಷರ ರಕಾರ, ಇನ್ನೊಂದರಲ್ಲಿ ಬಿಂದುಪೂರ್ವಕ ದಕಾರ. ‘ವರದ’, ‘ಗುರು’ಗಳೆರಡಕ್ಕೂ ರಕಾರವೇ ಇರುವುದರಿಂದ ಅಲ್ಲಿ ಮತ್ತೆ ಮಾತ್ರೆಗೇ ಹಿಂತಿರುಗಬೇಕು. ಹಾಡುವವರು ಸ್ವರವನ್ನೆಳೆದು ಕೊರತೆಯನ್ನು ತುಂಬಿಕೊಳ್ಳುವುದರಿಂದ ಬಾಯಿಪಾಠದಲ್ಲಿ ಈ ಪರೀಕ್ಷೆ ಸೋಲುವುದೂ ಉಂಟು.

ಆದ್ದರಿಂದ ರಾಯಚೂರು ಸೀಮೆಯ ದಾಸರ ಪದಗಳನ್ನು ಸಂಪಾದಿಸುವವರು ಕೊನೆಯ ನುಡಿಯ ಅಂಕಿತವನ್ನಷ್ಟೇ ನೋಡಿ ವಿಂಗಡಿಸುವುದು ಸಾಲದು. ಪಾಠಾಂತರಗಳನ್ನು ಕೊಡುವಾಗ ಅಂಕಿತದ ಪಾಠಾಂತರವನ್ನು ಮೊದಲು ಕೊಡಬೇಕು. ಎರಡು ಅಂಕಿತಗಳಲ್ಲಿ ದೊರೆಯುವ ಪದವನ್ನು ಹೆಚ್ಚು ಪ್ರಸಿದ್ಧರಾದವರ ಖಾತೆಗೆ ಸುಮ್ಮನೆ ಸೇರಿಸಿಬಿಡಬಾರದು.