ಸೆಂಬೆನ್, ಉಸ್ಮಾನ್

ಸೆಂಬೆನ್, ಉಸ್ಮಾನ್ (1923–2007): ಪಶ್ಚಿಮ ಆಫ್ರಿಕದ ಸೆನೆಗಲ್ ದೇಶದ ಕಾದಂಬರಿಕಾರ, ಕಥೆಗಾರ ಹಾಗೂ ಚಲನಚಿತ್ರ ನಿರ್ದೇಶಕ. ಜಿಗಿಂಶೋರ್ ಪಟ್ಟಣದಲ್ಲಿ ಮೀನುಗಾರನೊಬ್ಬನ ಮಗನಾಗಿ ಹುಟ್ಟಿದ. ಶಾಲೆಯನ್ನು ನಡುವೆಯೇ ಬಿಟ್ಟು ಕೂಲಿ ಮಾಡಿದ. ಎರಡನೆಯ ಮಹಾಯುದ್ಧದಲ್ಲಿ ಫ್ರೆಂಚ್ ಸೇನೆ ಸೇರಿದ. ಯುದ್ಧದ ಬಳಿಕ ಫ್ರಾನ್ಸಿನ ಮಾರ್ಸೇ ಬಂದರಿನಲ್ಲಿ ಹಮಾಲಿಯಾದ. ಸಾಹಿತ್ಯದ ಓದು ಕೈಗೆ ಹತ್ತಿದ್ದು ಅಲ್ಲಿನ ಕಾರ್ಮಿಕ ಸಂಘದ ಗ್ರಂಥಾಲಯದಲ್ಲಿ.

ಮೊದಲ ಕಾದಂಬರಿ 'ಕರಿಯ ಹಮಾಲಿ' (1956) ಆ ಬಂದರಿನ ಬದುಕಿನಿಂದಲೇ ಬಂದದ್ದು. 1960ರಲ್ಲಿ ಪ್ರಕಟವಾದ 'ದೇವರ ಮರದ ತುಂಡುಗಳು' ಈತನ ಶ್ರೇಷ್ಠ ಕಾದಂಬರಿ. 1947–48ರ ಡಾಕರ್–ನೈಜರ್ ರೈಲು ಕಾರ್ಮಿಕರ ಮುಷ್ಕರ ಅದರ ವಸ್ತು. ಅಲ್ಲಿ ಒಬ್ಬ ನಾಯಕನಿಗಿಂತ ಇಡೀ ಸಮುದಾಯವೇ ಮುಖ್ಯ. ಥಿಯೆಸ್‌ನಿಂದ ಡಾಕರ್‌ವರೆಗೆ ಹೆಂಗಸರು ನಡೆದುಹೋಗುವ ಭಾಗ ಆಫ್ರಿಕದ ಗದ್ಯದಲ್ಲೇ ಅಪರೂಪದ್ದು.

ಈತ ಬರೆಯುತ್ತಿದ್ದುದು ಫ್ರೆಂಚ್‌ನಲ್ಲಿ. ಯಾರ ಕಥೆ ಹೇಳುತ್ತಿದ್ದನೋ ಅವರಲ್ಲಿ ಬಹುಪಾಲು ಜನರಿಗೆ ಅದನ್ನು ಓದಲು ಬರುತ್ತಿರಲಿಲ್ಲ. ಈ ಕೊರಗೇ ಆತನನ್ನು ನಲವತ್ತರ ಹೊಸ್ತಿಲಲ್ಲಿ ಸಿನಿಮಾದತ್ತ ತಿರುಗಿಸಿತು. ಮಾಸ್ಕೋದ ಗಾರ್ಕಿ ಸ್ಟುಡಿಯೋದಲ್ಲಿ ಸೋವಿಯತ್ ನಿರ್ದೇಶಕ ಮಾರ್ಕ್ ದೊನ್‌ಸ್ಕೊಯ್ ಬಳಿ ಕಲಿತು ಬಂದು, ಡಾಕರ್‌ನ ಬಡ ಗಾಡಿಯವನೊಬ್ಬನ ಒಂದು ದಿನವನ್ನು 'ಬೊರೊಮ್ ಸರೆಟ್' (1963) ಕಿರುಚಿತ್ರದಲ್ಲಿ ಕಟ್ಟಿದ.

1966ರ 'ಕಪ್ಪು ಹುಡುಗಿ' ಸಹಾರಾದ ದಕ್ಷಿಣದ ಆಫ್ರಿಕನ್ ನಿರ್ದೇಶಕನೊಬ್ಬನ ಮೊದಲ ಕಥಾಚಿತ್ರವೆಂದು ಸಾಮಾನ್ಯವಾಗಿ ಪರಿಗಣಿತವಾಗಿದೆ. ಅದಕ್ಕೆ ಜಾನ್ ವಿಗೊ ಪ್ರಶಸ್ತಿ ಬಂತು. ಇದು ಆತನದೇ ಸಣ್ಣಕಥೆಯ ರೂಪಾಂತರ. ಫ್ರಾನ್ಸಿಗೆ ಮನೆಗೆಲಸಕ್ಕೆ ಹೋಗಿ ಆತ್ಮಹತ್ಯೆ ಮಾಡಿಕೊಳ್ಳುವ ದಿಯುವಾನಾ ಇದರ ಕೇಂದ್ರ. ಕಥೆ ಶುರುವಾಗುವುದು ಅವಳ ಸಾವಿನ ಪೊಲೀಸ್ ತನಿಖೆಯಿಂದ. ಚಿತ್ರ ಮಾತ್ರ ಅವಳು ಹಡಗಿನಿಂದ ಇಳಿಯುವಲ್ಲಿ ತೊಡಗಿ, ಅವಳ ಒಳದನಿಯನ್ನೇ ನಮಗೆ ಕೇಳಿಸುತ್ತದೆ. ತನಿಖೆಯ ಕಡತವಾಗಿದ್ದವಳು ಹೀಗೆ ತನ್ನ ಕಥೆಯನ್ನು ತಾನೇ ಹೇಳುತ್ತಾಳೆ. ಆದರೆ ಆ ದನಿಯೂ ಫ್ರೆಂಚ್‌ನದೇ.

ಆ ಕೊರತೆಯನ್ನು 'ಮಂದಾಬಿ' (1968) ನೀಗಿತು. ಪ್ಯಾರಿಸ್‌ನಲ್ಲಿರುವ ಸೋದರಳಿಯ ಕಳಿಸಿದ ಮನಿಆರ್ಡರನ್ನು ಗುರುತಿನ ಚೀಟಿಯಿಲ್ಲದೆ ಬಿಡಿಸಿಕೊಳ್ಳಲಾಗದೆ ಕಚೇರಿಯಿಂದ ಕಚೇರಿಗೆ ಅಲೆಯುವ ಇಬ್ರಾಹಿಮಾ ದಿಯೆಂಗ್‌ನ ಈ ಕಥೆಯೂ ಮೊದಲು ಈತನದೇ ಪುಸ್ತಕವಾಗಿತ್ತು. ತೆರೆಯ ಮೇಲೆ ಪಾತ್ರಗಳು ಸೆನೆಗಲ್‌ನ ಜನಭಾಷೆಯಾದ ವೋಲೋಫ್ ಆಡಿದವು. ವೆನಿಸ್ ಉತ್ಸವದ ತೀರ್ಪುಗಾರರ ವಿಶೇಷ ಪ್ರಶಸ್ತಿಯೂ ಸಂದಿತು. 1971ರಲ್ಲಿ ಭಾಷಾಶಾಸ್ತ್ರಜ್ಞ ಪಾಥೆ ದಿಯಾಞ್ ಜೊತೆಗೂಡಿ 'ಕದ್ದು' ಎಂಬ ವೋಲೋಫ್ ಪತ್ರಿಕೆಯನ್ನೂ ಹೊರಡಿಸಿದ.

ಸ್ವಾತಂತ್ರ್ಯಾನಂತರದ ಸಿರಿವಂತರನ್ನು ಗೇಲಿಮಾಡಿದ 'ಖಾಲಾ' ಕಾದಂಬರಿಯಾಗಿ (1973), ಚಿತ್ರವಾಗಿ (1975) ಎರಡು ಬಾರಿ ಬಂತು. ಚಿತ್ರಕ್ಕೆ ಸೆನೆಗಲ್‌ನಲ್ಲಿ ಕತ್ತರಿ ಬಿತ್ತು. 'ಸೆಡ್ಡೊ' (1977) ಅಲ್ಲಿ ನಿಷೇಧಕ್ಕೊಳಗಾಯಿತು. ಬಾಕಿ ಸಂಬಳ ಕೇಳಿದ ಆಫ್ರಿಕನ್ ಸೈನಿಕರನ್ನು ಫ್ರೆಂಚ್ ಸೇನೆ 1944ರಲ್ಲಿ ಕೊಂದ ಪ್ರಕರಣವನ್ನು 'ಥಿಯಾರೊಯ್ ಶಿಬಿರ' (1988) ನಿರ್ಭಯವಾಗಿ ತೆರೆದಿಟ್ಟಿತು. ಹುಡುಗಿಯರ ಜನನಾಂಗ ಛೇದನವನ್ನು ಹಳ್ಳಿಯ ಹೆಂಗಸರು ಎದುರಿಸುವ 'ಮೋಲಾದೆ' (2004) ಕೊನೆಯ ಚಿತ್ರ. ಫ್ರೆಂಚರ ವಿರುದ್ಧ ಕಾದಾಡಿದ ಸಮೋರಿ ತೂರೆಯ ಬಗ್ಗೆ ಚಿತ್ರ ಮಾಡಬೇಕೆಂಬ ದೀರ್ಘಕಾಲದ ಆಸೆ ಕೈಗೂಡುವ ಮೊದಲೇ, 2007ರ ಜೂನ್ 9ರಂದು ಡಾಕರ್‌ನಲ್ಲಿ ತೀರಿಕೊಂಡ.